ಕಲ್ಲೆತ್ತಿಗೆ ಕುಂಕುಮ ಹಚ್ಚಿದ ಅಪರಾಧ

ಪುರಾತನ ಕಲ್ಲುಗಳನ್ನು ಕಾಯುವ ಮಾನ್ಯರೇ,

ನನ್ನ ಅವ್ವ ಲಕ್ಷ್ಮವ್ವನ ಮೇಲೆ ನೀವು ಪೊಲೀಸ್ ಕೇಸು ಹಾಕಿಸಿದ್ದೀರಿ. ನದಿದಂಡೆಯ ಬಂಡೆಯ ಮೇಲೆ ಆದಿಮಾನವರು ಕೆತ್ತಿದ ಎತ್ತನ್ನು ಆಕೆ ವಿರೂಪಗೊಳಿಸಿದಳಂತೆ. ಈ ಪತ್ರ ದಯೆ ಬೇಡಲು ಬರೆದದ್ದಲ್ಲ. ನಿಮ್ಮ ಮಾನ ಹರಾಜಿಗಿಡಲು ಬರೆಯುತ್ತಿದ್ದೇನೆ. ನಾಲ್ಕು ಜನ ಹೆಚ್ಚು ಓದಿದರೆ ನನಗೆ ಸಂತೋಷ.

ನಾವು ಗೋವೆಯ ಚಿಂಬಲ್‌ನಲ್ಲಿರುವ ವಿಜಯಪುರ ಕಡೆಯ ಕೂಲಿಯವರು. ಪ್ರವಾಸಿಗರಿಗಾಗಿ ಆ ಬಂಡೆಯ ಸುತ್ತ ನೀವು ಕಾಲುದಾರಿ ಮಾಡಿಸುವಾಗ ಅವ್ವ ಅಲ್ಲಿ ಬುಟ್ಟಿ ಹೊರುತ್ತಿದ್ದಳು. ಮಣ್ಣೆತ್ತಿನ ಅಮಾವಾಸ್ಯೆ ಬಂತು. ಊರಲ್ಲಾದರೆ ಎರೆಮಣ್ಣಿನಲ್ಲಿ ಜೋಡೆತ್ತು ಮಾಡಿ ಪೂಜಿಸುತ್ತೇವೆ. ಗೋವೆಯ ಈ ಕೆಂಪು ಮಣ್ಣನ್ನು ಎಷ್ಟು ನಾದಿದರೂ ಕೊಂಬು ನಿಲ್ಲುವುದಿಲ್ಲ. ಕಾಲಬುಡದಲ್ಲೇ ಎತ್ತಿರುವಾಗ ಮಣ್ಣೇಕೆ ಎಂದು ಅವ್ವ ಅದರ ಹಣೆಗೆ ಕುಂಕುಮವಿಟ್ಟು, ಎಡೆ ಹಿಡಿದು ಕೈಮುಗಿದಳು. ತಪ್ಪೇ ಇರಬಹುದು. ಆ ಕುಂಕುಮ ಸಂಜೆಯ ಮಳೆಗೇ ತೊಳೆದುಹೋಯಿತು.

"ಏ ಘಾಂಟಿ, ಯೇ ಕ್ಯಾ ಕಿಯಾ?" ಎಂದು ನೀವು ಎಲ್ಲರೆದುರು ಗದರಿದಿರಿ. ಘಟ್ಟದ ಮೇಲಿನಿಂದ ಬಂದವರಿಗೆಲ್ಲ ಇಲ್ಲಿ ಅದೇ ಬೈಗುಳ.

"ಎತ್ತಿನ ಅಮಾಸಿ ಅಲ್ರಿ ಸಾಹೇಬ್ರ, ಎತ್ತಿಗೆ ಎಡಿ ಹಿಡಿಲಾರದ ನಾವ್ ಹೆಂಗ ಉಣ್ಣೂದ್ರಿ?" ಎಂದಳು ಅವ್ವ.

ನೀವು ಕೊಟ್ಟ ಉತ್ತರ, ಠಾಣೆಯ ಬೆಂಚು. ಕೂಲಿಯೂ ಹೋಯಿತು. ನನ್ನನ್ನು ಕಂಡೊಡನೆ ಆಕೆ, "ಅಂಬಿ, ನಾ ಕಳವು ಮಾಡಿಲ್ಲವಾ, ಓಣ್ಯಾಗ ಎಲ್ಲಾರಿಗೂ ಹೇಳ" ಎಂದು ಅತ್ತಳು. ಆ ಅಳುವನ್ನು ನಾನು ಮರೆಯುವವಳಲ್ಲ.

ಮರುವಾರ ಅದೇ ಎತ್ತಿನ ಬೆನ್ನಿಗೆ ಡ್ರಿಲ್ ಇಳಿಸಿದವರು ಯಾರು, ಮಾನ್ಯರೇ? ಕಬ್ಬಿಣದ ಕಂಬ ನೆಟ್ಟು, ಸಿಮೆಂಟು ಸುರಿದು, 'ಮುಟ್ಟಬೇಡಿ' ಎಂಬ ಫಲಕ ತೂಗುಹಾಕಿಸಿದವರು? ಆಹಾ, ಏನು ರಕ್ಷಣೆ! ಬೇಲಿಯೇ ಎದ್ದು ಹೊಲ ಮೇಯ್ದಿತಲ್ಲ! ಸಾವಿರಾರು ಮಳೆಗಾಲಗಳಿಗೆ ಅಳಿಯದ ಗೆರೆಯನ್ನು ನಿಮ್ಮ ಕಚೇರಿ ಒಂದೇ ಮಧ್ಯಾಹ್ನದಲ್ಲಿ ಮುಗಿಸಿತು. ಕಲ್ಲಿಗೆ ಕಲ್ಲು ಕುಟ್ಟಿ ಆ ಎತ್ತನ್ನು ಮೂಡಿಸಿದವರು ಯಾರ ಪರವಾನಗಿ ಪಡೆದಿದ್ದರು? ಅವರು ಅದಕ್ಕೆ ಕೈಮುಗಿಯಲಿಲ್ಲವೆಂದು ನಿಮಗೆ ಯಾರು ಹೇಳಿದರು? ಮನುಷ್ಯ ಮೊಟ್ಟಮೊದಲು ಚಿತ್ರ ಬರೆದದ್ದೇಕೆಂದು ಪಂಡಿತರು ಇನ್ನೂ ವಾದಿಸುತ್ತಿದ್ದಾರೆ. ನಿಮ್ಮ ಪ್ರವಾಸಿಗರ ಸೆಲ್ಫಿಗಂತೂ ಅಲ್ಲ.

ಅವ್ವನ ಮೇಲಿನ ಕೇಸು ಹಿಂತೆಗೆಯಿರಿ. ಅದೇ ಕಾನೂನಿನಡಿ ನಿಮ್ಮ ಮೇಲೆ ನಾನು ದೂರು ಕೊಟ್ಟಾಗಿದೆ. ಡ್ರಿಲ್ ಹಿಡಿದಿದ್ದ ಮಲಕಪ್ಪ ಬೇಡ ಬೇಡವೆಂದರೂ ನೀವೇ ನಿಂತು ಕೊರೆಸಿದಿರಿ. ಅವನು ಸಾಕ್ಷಿ ಹೇಳಲು ತಯಾರಿದ್ದಾನೆ. ನಿಮ್ಮ ಕ್ಷಮೆ ನನಗೆ ಬೇಡ. ನೀವು ಆ ಬೆಂಚಿನ ಮೇಲೆ ಕೂರಬೇಕು, ನಿಮ್ಮ ಮಕ್ಕಳು ಬಂದು ನೋಡಬೇಕು. ಅಂದು ಅವ್ವನನ್ನೂ ಕರೆತರುತ್ತೇನೆ. ಆಕೆಯ ಸ್ವಭಾವ ನನಗೆ ಗೊತ್ತು. ಪಾಪ ಹಸಿದಿದ್ದಾರೆಂದು ನಿಮಗೂ ರೊಟ್ಟಿ ಕಟ್ಟಿಕೊಂಡು ಬಂದಾಳು. ಬಾಗಿಲಲ್ಲೇ ಆ ಗಂಟು ಕಸಿದುಕೊಳ್ಳುವವಳು ನಾನು.

ಇಂತಿ,
ಆರೋಪಿಯ ಹೊಟ್ಟೆಯಲ್ಲಿ ಹುಟ್ಟಿಯೂ ಆಕೆಯ ಗುಣ ಬಾರದ
ಅಂಬಿಕಾ
ಚಿಂಬಲ್, ಗೋವಾ