ಆ ಸುಳ್ಳ ಹುಡುಗನ ಬಾಯಿ ಮುಚ್ಚಿಸಿದವರಿಗೆ

ವಾಹಿನಿಯ ಕಾರ್ಯಕ್ರಮ ಮುಖ್ಯಸ್ಥರಾದ ಮಾನ್ಯರೇ,

ಸುಳ್ಳನ್ನೇ ಕಸುಬು ಮಾಡಿಕೊಂಡ ಹುಡುಗನ ಹಾಸ್ಯ ಧಾರಾವಾಹಿಯನ್ನು ತಾವು ಏಕಾಏಕಿ ನಿಲ್ಲಿಸಿದ್ದೀರಿ. ಅದೂ ಎಂಥ ಗಳಿಗೆಯಲ್ಲಿ? ಅವನು ಮದುವೆಯಾಗಲಿರುವ ಹುಡುಗಿಯೆದುರು ನಿಂತು, "ನಿನಗೊಂದು ನಿಜ ಹೇಳಬೇಕು" ಎಂದು ಬಾಯಿ ತೆರೆದಾಗ. ಮರುದಿನ ಅದೇ ಹೊತ್ತಿಗೆ ನಿಮ್ಮಲ್ಲಿ ಜ್ಯೋತಿಷ್ಯ. ಸುಳ್ಳುಗಾರನ ಜಾಗ ಖಾಲಿ ಬೀಳದಂತೆ ತಾವು ವಹಿಸಿದ ಕಾಳಜಿ ಮೆಚ್ಚತಕ್ಕದ್ದು.

ನೋಡುವವರೇ ಇರಲಿಲ್ಲವೆಂದಿರಂತೆ. ಹಾಗಾದರೆ ತುಕ್ಕಾನಟ್ಟಿಯ ನಾವು ಯಾರು? ನನ್ನ ಮೈದುನ ಕೇದಾರಿ ಒಂದು ಕಂತನ್ನೂ ತಪ್ಪಿಸಿದವನಲ್ಲ. ಅವನಿಗದು ಹಾಸ್ಯವೂ ಆಗಿರಲಿಲ್ಲ. ಅವನು ನಿಡಸೋಸಿಯಲ್ಲಿ ಕಾಲೇಜಿನ ಬಸ್ಸು ಓಡಿಸುತ್ತಾನೆ. ಕಣಗಲಾಕ್ಕೆ ಹೆಣ್ಣು ನೋಡಲು ಹೋದಾಗ ಮಾತ್ರ ಉಪನ್ಯಾಸಕನಾಗಿಬಿಟ್ಟ. ಹುಡುಗಿ ಐಶ್ವರ್ಯ ಮೆಚ್ಚಿದಳು. ಇವನ ನಿದ್ದೆ ಹಾರಿತು. ಹೋಗಿ ನಿಜ ಹೇಳು ಎಂದು ನಾನು ಗದರಿದರೆ, "ಟೀವ್ಯಾಗಿನ ಹುಡುಗ ಹೆಂಗ ಹೇಳ್ತಾನ ನೋಡಿ ನಾನೂ ಹಂಗ ಹೇಳ್ತೇನ್ರಿ ವೈನಿ" ಎಂದ. ತಾವು ಆ ದಾರಿಯನ್ನೂ ಮುಚ್ಚಿದಿರಿ.

ಮದುವೆಯ ಮಾತು ಮುಗಿಸಲು ಮತ್ತೆ ಕಣಗಲಾಕ್ಕೆ ಹೋದೆವು. ಹುಡುಗಿಯ ಅಜ್ಜಿ ಶಿವವ್ವ ಮೊದಲು ಕೇಳಿದ್ದೇ ಅದನ್ನು: "ಆ ಸುಳ್ಳ ಹುಡುಗಂದು ಏನಾತೋ ತಮ್ಮಾ? ನಮ್ಮ ಟೀವ್ಯಾಗ ಬರವಲ್ದು."

"ಎಲ್ಲಾ ಒಪ್ಪಿಕೊಂಡನ್ರಿ ಆಯಿ. ಆಕಿ ಕ್ಷಮಾ ಮಾಡಿದ್ಲು," ಎಂದ ಕೇದಾರಿ.

"ನೀ ನೋಡಿದಿ?"

"ಹೂಂರಿ."

ಆಮೇಲೆ ಐಶ್ವರ್ಯಳ ಮುಖ ನೋಡಿದ. ಹಣೆ ಒರೆಸಿಕೊಂಡ. "ಇಲ್ರಿ, ನೋಡಿಲ್ಲ. ನಾ ಕಾಲೇಜಿನ ಮಾಸ್ತರನೂ ಅಲ್ರಿ. ಬಸ್ ಹೊಡಿತೇನಿ."

ನಾನು ಅವಲಕ್ಕಿಯ ತಾಟಿನಿಂದ ತಲೆ ಎತ್ತಲಿಲ್ಲ.

"ಬಸ್ ಹೊಡಿಯೂದಾದ್ರೂ ಖರೆ ಏನ್ರಿ?" ಎಂದಳು ಐಶ್ವರ್ಯ.

ಅವನು ಕಿಸೆಯಿಂದ ಲೈಸೆನ್ಸ್ ತೆಗೆದು ಕೊಟ್ಟ. ಅದರೊಳಗಿನ ಹೆದರಿದ ಮುಖ ನೋಡಿ ಅವಳು ನಕ್ಕಳು. "ನಂದೇನ ತಕರಾರ ಇಲ್ಲ" ಎಂದಳು.

ತಕರಾರು ಇದ್ದದ್ದು ಅಜ್ಜಿಯದು. "ಆ ಟೀವ್ಯಾಗಿನ ಹುಡುಗಿ ಶಾಣ್ಯಾಕಿ. ಆಕಿ ಕ್ಷಮಾ ಮಾಡೂದನ್ನ ನಾ ಕಣ್ಣಿಲೆ ನೋಡಬೇಕು. ಆಮ್ಯಾಲ ಮದುವಿ."

ಹಿರಿಯರು ಹೇಳಿದರು, ಬೀಗರು ಹೇಳಿದರು, ಅಜ್ಜಿ ಜಗ್ಗಲಿಲ್ಲ. ಆದಕಾರಣ ಮಾನ್ಯರೇ, ಉಳಿದ ಕಂತುಗಳನ್ನು ಕೂಡಲೇ ಪ್ರಸಾರ ಮಾಡತಕ್ಕದ್ದು. ಚಿತ್ರೀಕರಿಸಿಲ್ಲವೆಂದಾದರೆ ಚಿತ್ರೀಕರಿಸಿ. ಅಕಸ್ಮಾತ್ ತಮ್ಮ ಕಥೆಯಲ್ಲಿ ಆ ಹುಡುಗಿ ಅವನನ್ನು ಕ್ಷಮಿಸುವುದಿಲ್ಲವಾದರೆ, ದಯವಿಟ್ಟು ಜ್ಯೋತಿಷ್ಯವನ್ನೇ ಮುಂದುವರಿಸಿ.

ಇಂತಿ,
ಮನೆಗೆ ಬರಲಿರುವ ನೆಗೆಣ್ಣಿ ಐಶ್ವರ್ಯಳ ದಾರಿ ಕಾಯುತ್ತ ಒಬ್ಬಳೇ ರೊಟ್ಟಿ ಬಡಿಯುತ್ತಿರುವ
ಶೋಭಾ, ತುಕ್ಕಾನಟ್ಟಿ