ಜೊವಿಲಿನಳ ಪಿಸುಮಾತು

ಸಂಪಾಲೋಕ್, ಮನಿಲಾ
ಆಗಸ್ಟ್ 27, 2003

ನನ್ನ ಮುದ್ದಿನ ತಂಗಿ ಮಿನಿಯಾ,

ಹೇಗಿದ್ದೀಯ? ಮಂಡಿನೋವು ಕಡಿಮೆಯಾಯಿತೆ? ನಿನ್ನ ಯಜಮಾನಿ ಈಗಲೂ ಕಿಟಕಿಯಾಚೆ ಬಗ್ಗಿ ಗಾಜು ಒರೆಸು ಎನ್ನುತ್ತಾಳೆಯೆ? ಹದಿನೇಳನೆಯ ಮಹಡಿ ಅದು, ಆಗುವುದಿಲ್ಲ ಎಂದು ಹೇಳಿಬಿಡು. ನನ್ನ ಬಲಗೈಯ ಎರಡು ಬೆರಳಿಗೆ ಪಟ್ಟಿ ಕಟ್ಟಿದ್ದಾರೆ, ಅದಕ್ಕೇ ಅಕ್ಷರ ಹೀಗೆ ಸೊಟ್ಟಗಿದೆ. ನಿನ್ನ ಮಗಳು ಜೊವಿಲಿನ್ ಬದುಕಿದ್ದಾಳೆ. ಈ ಮಾತನ್ನು ಎರಡು ಸಲ ಓದಿಕೊಂಡು ಆಮೇಲೆ ಮುಂದಕ್ಕೆ ಹೋಗು. "ಯಾರು ಹೊಡೆದಿದ್ದು, ಹೆಸರು ಹೇಳಕ್ಕಾ" ಎಂದು ಭಾನುವಾರದಿಂದ ಮೆಸೇಜಿನ ಮೇಲೆ ಮೆಸೇಜು ಕಳಿಸುತ್ತಿದ್ದೀಯ. ಹೆಸರು ಹೇಳುವುದು ಸುಲಭ. ಯಾಕೆ ಹೊಡೆದರು ಎನ್ನುವುದು ಮೊಬೈಲಿನ ಎರಡು ಸಾಲಿನಲ್ಲಿ ಹಿಡಿಯಲಿಲ್ಲ.

ನಟಿ ಕ್ರಿಸೆಲ್ದಾಳ ಅಭಿಮಾನಿ ಸಂಘದಲ್ಲಿ ಜೊವಿಲಿನಳೇ ಘೋಷಣೆ ಕೂಗಿಸುವವಳು ಎಂದು ನಿನಗೆ ಗೊತ್ತಲ್ಲ. ಪ್ರತಿ ಭಾನುವಾರ ಟೀವಿ ಸ್ಟುಡಿಯೋದ ಗೇಟಿನ ಮುಂದೆ ಹಳದಿ ಅಂಗಿಯ ಅರವತ್ತು ಹೆಂಗಸರು ನಿಂತಿರುತ್ತಾರೆ. ಇವಳು ಒಂದು ಸಾಲು ಕೂಗಿದರೆ ಅವರೆಲ್ಲ ಮತ್ತೊಂದು ಸಾಲು ಕೂಗಬೇಕು. ಸ್ವಲ್ಪ ಒಡಕು, ಒಳಗೆಲ್ಲೋ ನಗು ಅಡಗಿಸಿಟ್ಟುಕೊಂಡ ಆ ದನಿಯನ್ನು ಅಲ್ಲಿ ಗುರುತು ಹಿಡಿಯದವರಿಲ್ಲ. ಸಂಘದ ಅಧ್ಯಕ್ಷೆ, ಮೀನು ಮಾರುವ ಡೆಲ್ಫಿನಾ, "ನಿನ್ ಗಂಟಲಿಗೆ ದೃಷ್ಟಿ ತೆಗೀಬೇಕು ಕಣೇ ಹುಡುಗಿ" ಎನ್ನುತ್ತಿದ್ದಳು. ಹೋದ ವರ್ಷ ಇದೇ ಡೆಲ್ಫಿನಾ ಬೇರೊಬ್ಬ ನಟಿಯ ಸಂಘದವಳೊಬ್ಬಳ ಓಲೆಯನ್ನು ಕಿವಿಯ ತುದಿಯ ಸಮೇತ ಕಿತ್ತಿದ್ದಳು. ಜೊವಿಲಿನ್ ಅದನ್ನು ಅಭಿನಯಿಸಿ ತೋರಿಸಿದಾಗ ನಾನು ಅನ್ನ ನೆತ್ತಿಗೇರುವಷ್ಟು ನಕ್ಕಿದ್ದೆ. ಆ ನಗು ಈಗ ನನ್ನನ್ನು ಕಚ್ಚುತ್ತದೆ.

ಕ್ರಿಸೆಲ್ದಾಳ ಹೊಸ ಚಿತ್ರ ಬಂದದ್ದು ಈ ತಿಂಗಳ ಆರಕ್ಕೆ. ಮೊದಮೊದಲ ವಾರಗಳಲ್ಲಿ ಟಾಕೀಸು ತುಂಬದಿದ್ದರೆ ಚಿತ್ರ ಎತ್ತಂಗಡಿ. ಅದಕ್ಕೇ ಸಂಘದವರು ದಿನಕ್ಕೆ ಮೂರು ಆಟ ಕೂತು ನೋಡುತ್ತಾರೆ. "ನಾನು ಊರಿಗೆ ಬರೋಷ್ಟರಲ್ಲಿ ಎಲ್ಲಾ ಮುಗಿದಿರುತ್ತೆ ಬಿಡು" ಎಂದು ನೀನು ಫೋನಿನಲ್ಲಿ ನಿಟ್ಟುಸಿರಿಟ್ಟೆ. ಅಷ್ಟೇ ಸಾಕಾಯಿತು ಇವಳಿಗೆ. ಗೆಳತಿಯ ಪುಟ್ಟ ಕ್ಯಾಮೆರಾವನ್ನು ಶಾಲಿನಲ್ಲಿ ಮುಚ್ಚಿಕೊಂಡು ಹೋಗಿ ಇಡೀ ಚಿತ್ರ ಹಿಡಿದು ಡಿಸ್ಕಿಗೆ ಇಳಿಸಿದಳು. ಅವಳ ಅಭ್ಯಾಸ ನಿನಗೆ ತಿಳಿಯದ್ದೆ? ಆರು ವರ್ಷದವಳಿದ್ದಾಗಿನಿಂದ ನಿನಗೆ ಕ್ಯಾಸೆಟ್ಟಿನಲ್ಲಿ ಮಾತು ತುಂಬಿ ಕಳಿಸಿದವಳು. ಒಂದೇ ಕ್ಯಾಸೆಟ್ಟು. ಅವಳ ಮಾತಿನ ಮೇಲೆ ನಿನ್ನ ಉತ್ತರ, ನಿನ್ನ ಉತ್ತರದ ಮೇಲೆ ಮತ್ತೆ ಅವಳ ಮಾತು. ಹೀಗೆ ಹನ್ನೊಂದು ವರ್ಷ ಹೋಗಿ ಬಂದಿತು. ಅದಕ್ಕೆ, ರೆಕಾರ್ಡ್ ಆಗುವ ಯಾವ ಯಂತ್ರ ಕೈಗೆ ಬಂದರೂ ಅವಳು ನಿನ್ನ ಜೊತೆ ಮಾತಾಡಲು ಶುರುಮಾಡುತ್ತಾಳೆ. ಟಾಕೀಸಿನಲ್ಲೂ ಅಷ್ಟೇ, ಕ್ಯಾಮೆರಾದ ಹತ್ತಿರ ಪಿಸುಗುಟ್ಟಿದ್ದಾಳೆ: "ಅಮ್ಮಾ, ಈಗ ನೋಡು, ಅಳ್ತಾಳೆ." "ಅಮ್ಮಾ, ಈ ಹಸಿರು ಗೌನು ನಿಂಗೆ ಒಪ್ಪುತ್ತೆ ಕಣಮ್ಮ."

ಸರಕು ತರಲು ಹಾಂಗ್‌ಕಾಂಗಿಗೆ ಓಡಾಡುವ ಲೂಸಿಂಗಳ ಕೈಯಲ್ಲಿ ಆ ಡಿಸ್ಕ್ ನಿನಗೆ ತಲುಪಿತು. ರಜೆಯ ಭಾನುವಾರ ಪಾರ್ಕಿನಲ್ಲಿ ರಟ್ಟು ಹಾಸಿಕೊಂಡು ಕೂರುವ ನಿನ್ನ ಗೆಳತಿಯರಿಗೆ ನೀನು ತೋರಿಸಿದೆ. ಅವರಲ್ಲೊಬ್ಬಳು ಕುವೈತಿನ ತನ್ನ ತಂಗಿಗೆಂದು ಅದನ್ನು ಕಂಪ್ಯೂಟರಿನಿಂದ ಇಂಟರ್ನೆಟ್ಟಿಗೆ ಏರಿಸಿದಳು. "ಪಾಪ, ಅವಳೂ ನೋಡ್ಲಿ ಬಿಡಕ್ಕಾ" ಎಂದು ನೀನೇ ನನಗೆ ಫೋನಿನಲ್ಲಿ ಹೇಳಿದೆ. ಅಲ್ಲಿಗೆ ಏರಿದ್ದನ್ನು ಲೋಕದಲ್ಲಿ ಯಾರು ಬೇಕಾದರೂ ಇಳಿಸಿಕೊಳ್ಳಬಹುದಂತೆ ಮಿನಿಯಾ. ನನಗೂ ಈಗಲೇ ಗೊತ್ತಾದದ್ದು. ಬುಧವಾರದ ಹೊತ್ತಿಗೆ ಇಲ್ಲಿ ಕಿಯಾಪೊ ಪೇಟೆಯ ಬೀದಿಯಲ್ಲಿ ಆ ಚಿತ್ರದ ಕಳ್ಳ ಡಿಸ್ಕುಗಳ ರಾಶಿ ಬಿದ್ದಿತ್ತು. ಮುಂದಿನ ವಾರ ಟಾಕೀಸುಗಳಿಂದ ಚಿತ್ರ ಎತ್ತಿದರು.

ದ್ರೋಹಿ ಯಾರೆಂದು ಹುಡುಕಲು ಡೆಲ್ಫಿನಾ ಒಂದು ಡಿಸ್ಕ್ ತಂದು ಮನೆಯಲ್ಲಿ ಹಾಕಿದ್ದಾಳೆ. ಆ ದನಿ ಗುರುತಿಸಲು ಎರಡು ನಿಮಿಷ ಸಾಕಾಗಿದೆ. ಮೊನ್ನೆ ಭಾನುವಾರ ಮಧ್ಯಾಹ್ನ ನಾನು ಜೊವಿಲಿನಳಿಗೆ ಅನ್ನ, ಹುರಿದ ಮೀನು ತೆಗೆದುಕೊಂಡು ಸ್ಟುಡಿಯೋದ ಗೇಟಿಗೆ ಹೋದಾಗ ಡೆಲ್ಫಿನಾ ಎಲ್ಲರೆದುರು ಅವಳ ಗದ್ದ ಹಿಡಿದು ನಿಂತಿದ್ದಳು. "ಅಮ್ಮಾ, ಈಗ ನೋಡು, ಅಳ್ತಾಳೆ" ಎಂದು ಅವಳ ಹಾಗೇ ಅಣಕಿಸಿ, "ಎಲ್ಲಿ, ಅಳೇ, ನಿಮ್ಮಮ್ಮ ನೋಡ್ಲಿ" ಎಂದಳು. ಮಗಳು ಸುಳ್ಳು ಹೇಳಲಿಲ್ಲ. "ನಮ್ಮಮ್ಮಂಗೋಸ್ಕರ ಕಣಕ್ಕಾ, ಮಾರೋಕಲ್ಲ" ಎಂದಳು. ಮೊದಲ ಏಟು ಕೆನ್ನೆಗೆ ಬಿತ್ತು. ಆಮೇಲೆ ಯಾವ ಕೈ ಯಾರದೆಂದು ಹೇಳಲಾರೆ. ಛತ್ರಿಯ ಹಿಡಿಗಳು, ಬ್ಯಾನರಿನ ಬಿದಿರುಗಳು. ಒಬ್ಬಳ ಮುಷ್ಟಿಯಲ್ಲಿ ಬೇರಿನ ಸಮೇತ ಬಂದ ಕೂದಲಿತ್ತು. ನಾನು ಬುತ್ತಿ ಬಿಸಾಡಿ ಒಳಗೆ ನುಗ್ಗಿದೆ. ಯಾರದೋ ಹಿಮ್ಮಡಿ ನನ್ನ ಬೆರಳುಗಳನ್ನು ಅರೆಯಿತು. ತರಗತಿಯಲ್ಲಿ ಮಕ್ಕಳಿಗೆ ಒಂದು ಕವಿತೆ ಕಲಿಸಲು ಮೂರು ದಿನ ತೆಗೆದುಕೊಳ್ಳುವ ನಾನು, ಡೆಲ್ಫಿನಾಳ ಮಣಿಕಟ್ಟನ್ನು ಹಲ್ಲಿಗೆ ಮೂಳೆ ತಾಕುವ ತನಕ ಕಚ್ಚಿದೆ. ಬಾಯಿತುಂಬ ಅವಳ ರಕ್ತ. ನಾಚಿಕೆ ಎಲ್ಲಿದೆ ಎಂದು ಇನ್ನೂ ಹುಡುಕುತ್ತಿದ್ದೇನೆ, ಸಿಕ್ಕಿಲ್ಲ. ಅಷ್ಟರಲ್ಲಿ ಒಂದು ಬಿದಿರಿನ ತುದಿ ಬಂದು ಮಗಳ ಗಂಟಲಿಗೆ ಬಡಿಯಿತು. ಅವಳ ಕೂಗು ನಿಂತಿತು. ಅವಳು ನಿಲ್ಲಿಸಿದ್ದೇ ಅರವತ್ತು ಜನವೂ ನಿಲ್ಲಿಸಿದರು; ಅವಳ ದನಿಯ ಹಿಂದೆ ಹೋಗಿಯೇ ಅವರಿಗೆ ರೂಢಿ.

ಅವಳನ್ನು ಎತ್ತಿ ಜೀಪಿಗೆ ಹಾಕಿದ್ದು ಯಾರು ಗೊತ್ತೆ? ಡೆಲ್ಫಿನಾಳೇ. ಕಚ್ಚಿಸಿಕೊಂಡ ಕೈಯಿಂದ ರಕ್ತ ಸುರಿಯುತ್ತಿದ್ದರೂ "ಉಸಿರಾಡೇ, ಉಸಿರಾಡೇ ನನ್ ಕಂದ" ಎಂದು ಆಸ್ಪತ್ರೆಯ ತನಕ ಬೈಯುತ್ತಾ ಬಂದಳು. ಈಗ ಪೊಲೀಸರ ಲಾಕಪ್ಪಿನಲ್ಲಿದ್ದಾಳೆ.

ನಿನ್ನ ತಪ್ಪು ಎಂದು ಇದನ್ನು ಬರೆಯುತ್ತಿಲ್ಲ ತಂಗಿ. ಬೇರೆಯವರ ಬಾಯಿಂದ ಕೇಳಬಾರದೆಂದು ಬರೆದೆ. ನಿನ್ನ ಸಿಟ್ಟು ನನಗೆ ಗೊತ್ತು. ಅಪ್ಪ ತೀರಿಕೊಂಡ ದಿನ ಅವರ ರೇಡಿಯೋವನ್ನು ಒನಕೆಯಿಂದ ಕುಟ್ಟಿ ಪುಡಿಮಾಡಿದವಳು ನೀನು. ತಿಂಗಳಾದ ಮೇಲೆ ಅಂಟು ಹಿಡಿದು ಆ ಚೂರುಗಳನ್ನು ಜೋಡಿಸಲು ಕೂತವಳೂ ನೀನೇ. ಮಾತೆ ಮರಿಯಳು ನಿನ್ನ ಕೈಯನ್ನು ಹಿಡಿದುಕೊಂಡಿರಲಿ.

ನಿನ್ನ ಅಕ್ಕ,
ಪೆರ್ಪೆತುವಾ

ಮರೆತಿಲ್ಲ, ಮೇಲೆ ಬರೆಯಲು ಧೈರ್ಯ ಬರಲಿಲ್ಲ. ಈ ಪತ್ರ ಒಯ್ಯಲು ಬಂದ ಲೂಸಿಂಗ್ ಬಾಗಿಲಲ್ಲಿ ಅವಸರ ಮಾಡುತ್ತಿದ್ದಾಳೆ. ನಿನ್ನೆ ಬೆಳಿಗ್ಗೆ ಡಾಕ್ಟರು ಹೇಳಿದರು, ಮಗಳು ಉಣ್ಣುತ್ತಾಳೆ, ನಡೆಯುತ್ತಾಳೆ, ಮಾತು ಮರಳುವುದಿಲ್ಲ. ನಾನು ಆ ಹಳೆಯ ಕ್ಯಾಸೆಟ್ಟು ಹಾಕಿ ನೋಡಿದೆ. ಕೊನೆಗೆ ತುಂಬಿದವಳು ನೀನು, ಅದರಲ್ಲಿರುವುದು ನಿನ್ನ ದನಿ ಮಾತ್ರ. ನಿನ್ನೆಯೇ ಅವಳ ದನಿಯಿರುವ ಡಿಸ್ಕಿಗಾಗಿ ಕಿಯಾಪೊದಲ್ಲಿ ಅಂಗಡಿ ಅಂಗಡಿ ಅಲೆದೆ. ಪಿಸುಮಾತಿಲ್ಲದ ಸ್ವಚ್ಛ ಪ್ರತಿ ಬಂದಿದೆಯಂತೆ, ಹಳೆಯದು ಒಂದೂ ಇಲ್ಲ. ಜೊವಿಲಿನ್ ಚೀಟಿಯಲ್ಲಿ ಬರೆದು ಕೇಳಿದಳು: "ಅಮ್ಮನ ಹತ್ರ ಇದೆ ಅಲ್ವಾ ದೊಡ್ಡಮ್ಮ?" ಇದೆ ಎಂದಿದ್ದೇನೆ. ಆ ಡಿಸ್ಕನ್ನು ಮುರಿಯಬೇಡ. ಯಾರ ಕೈಯಲ್ಲೂ ಕಳಿಸಬೇಡ. ನೀನೇ ತೆಗೆದುಕೊಂಡು ಬಾ.