ತೊಂಬತ್ತು ದಿನದ ಚೀಟಿಗೆ ಒಂದು ಸಹಿ

ಕರೆಕಲ್ಲಹಳ್ಳಿ
ಕ್ರಿ.ಶ. ೨೧೯೨, ಹದಿಮೂರನೆಯ ತಿಂಗಳ ನಾಲ್ಕನೆಯ ದಿನ

ಗುತ್ತಿಗೆದಾರರಾದ ಶ್ರೀ ಸಂಗನಬಸಪ್ಪನವರಿಗೆ ನಮಸ್ಕಾರ.

ತಾರೀಖು ನೋಡಿ ಗಾಬರಿಯಾಗಬೇಡಿ, ನಮ್ಮ ವರ್ಷಕ್ಕೆ ಹದಿಮೂರು ತಿಂಗಳು. ನಿಮ್ಮ ಕಾಲದ ಕನ್ನಡವನ್ನು ನಾನು ಹಳೆಯ ತೀರ್ಪುಗಳನ್ನು ಓದಿ ಕಲಿತವನು. ಮಾತು ಬಿಗಿಯೆನಿಸಿದರೆ ಕ್ಷಮಿಸಿ. ಹಿಂಬರಹ, ಅಂದರೆ ಕಳೆದ ಕಾಲಕ್ಕೆ ಕಾಗದ ಬರೆಯುವುದು, ನಮ್ಮಲ್ಲಿ ಒಬ್ಬರಿಗೆ ಜೀವಮಾನದಲ್ಲಿ ಒಂದೇ ಸಲ ಸಿಗುವ ಅವಕಾಶ. ಅದನ್ನು ನಿಮಗಾಗಿ ಬಳಸುತ್ತಿದ್ದೇನೆ.

ಇಂದು ಬೆಳಿಗ್ಗೆ ನಮ್ಮೂರ ಕಾಲುವೆಯ ಹೊಸ ತೂಬಿನ ಬಳಿ ಆಳೋದು ನಡೆಯಿತು. ಸರ್ಕಾರಿ ಕಾಮಗಾರಿಯ ಬಿಲ್ಲು ಪಾಸಾಗುವ ಮುಂಚೆ ಅಲ್ಲಿ ದುಡಿದ ಆಳುಗಳ ಹೆಸರನ್ನೆಲ್ಲ ಎಂಜಿನಿಯರು ನಿಂತು ಓದಬೇಕು, ಅದೇ ಆಳೋದು. ಹೆಸರಿಲ್ಲದ ಮುರಿಹಣ, ಅಂದರೆ ಯಾರಿಗೆಂದು ಹೇಳದೆ ಬಿಲ್ಲಿನಲ್ಲಿ ಮುರಿದುಕೊಂಡ ಹಣ, ನಮ್ಮಲ್ಲಿ ಕಳವಿಗೆ ಸಮ. ಜನ ಮಂಡಕ್ಕಿ ತಿನ್ನುತ್ತ ಕೇಳುತ್ತಾರೆ. ಎಂಜಿನಿಯರು ಗೊಣಗುಟ್ಟಿದಾಗ ಒಬ್ಬಾಕೆ ಕೂಗಿದಳು: "ಜೋರಾಗಿ ಓದ್ರಿ ಸಾಹೇಬ್ರ, ನಿಮ್ಮ ಹೆಸರ ಓದ್ಕೊಂಡಂಗ ಓದ್ರಿ!"

ನಿಮ್ಮ ಕೇಸು ನಮ್ಮ ಕಾನೂನು ಪಠ್ಯದಲ್ಲಿದೆ. ಕಾರ್ಮಿಕರ ಕಲ್ಯಾಣಕ್ಕೆಂದು ನಿಮ್ಮ ಸೇತುವೆಯ ಬಿಲ್ಲಿನಲ್ಲಿ ಇಲಾಖೆ ನೂರಕ್ಕೆ ಒಂದರಂತೆ ಸೆಸ್ಸು ಮುರಿದುಕೊಂಡಿತು. ಟೆಂಡರು ಕರೆದಾಗ ಆ ಮಾತೇ ಇರಲಿಲ್ಲವೆಂದು ನೀವು ಕೋರ್ಟಿಗೆ ಹೋದಿರಿ. ಹತ್ತೊಂಬತ್ತು ವರ್ಷಕ್ಕೆ ಗೆಲ್ಲುತ್ತೀರಿ. ನಿಮ್ಮ ವಾದ ಸರಿ, ಒಪ್ಪುತ್ತೇನೆ. ಆದರೆ ನಲವತ್ತೆರಡು ಪುಟದ ತೀರ್ಪಿನಲ್ಲಿ ಸೇತುವೆ ಕಟ್ಟಿದ ಒಬ್ಬರ ಹೆಸರೂ ಇಲ್ಲ. ನನ್ನ ಸಿಟ್ಟು ಅಲ್ಲಿಂದ ಶುರುವಾಯಿತು.

ನಿಮ್ಮ ಕಾಲದಲ್ಲಿ ನಾಳೆ ಬೆಳಿಗ್ಗೆ ಹುಲಿಗೆಮ್ಮ ನಿಮ್ಮ ಶೆಡ್ಡಿಗೆ ಬರುತ್ತಾಳೆ. ನಿಮ್ಮಲ್ಲಿ ಕಾಂಕ್ರೀಟು ಬಾಣಲಿ ಹೊರುವವಳು, ನನ್ನ ಮುತ್ತಜ್ಜಿಯ ಮುತ್ತಜ್ಜಿ. ಆ ಸೆಸ್ಸಿನ ಹಣ ಸೇರುವ ಕಾರ್ಮಿಕರ ಮಂಡಳಿಯಲ್ಲಿ ಹೆಸರು ಬರೆಸಲು ತೊಂಬತ್ತು ದಿನ ದುಡಿದ ಚೀಟಿ ಬೇಕು, ಅದಕ್ಕೆ ನಿಮ್ಮ ಸಹಿ ಬೇಕು. ನೀವು ಹೇಳುವ ಮಾತು ನಮ್ಮ ಮನೆಯಲ್ಲಿ ಆರು ತಲೆಮಾರು ಉಳಿದಿದೆ: "ಇದಕ್ಕ ಸಹಿ ಮಾಡಿದ್ರ ಸೆಸ್ಸು ನಾನೇ ಒಪ್ಕೊಂಡಂಗ ಆಗ್ತೈತಿ ಅಂತಾರವ್ವ ವಕೀಲ್ರು. ಕೇಸ್ ಮುಗೀಲಿ, ಬಾ." ಅವಳು ಅನ್ನುತ್ತಾಳೆ: "ನಿಮ್ಮ ಕೇಸಿಗೆ ಸಾಲಿಗೆ ಹಚ್ಚೂ ವಯಸ್ಸಾತಲ್ರಿ ಸಾವ್ಕಾರ್ರ!" ಶಾಲೆಗೆ ಸೇರಿಸುವಷ್ಟು ವಯಸ್ಸಾದ ಕೇಸನ್ನು ನೆನೆದು ನೀವೂ ನಗುತ್ತೀರಿ. ಚೀಟಿ ಮಾತ್ರ ಸಹಿಯಿಲ್ಲದೆ ಹಿಂದಕ್ಕೆ ಹೋಗುತ್ತದೆ.

ಅವಳು ಸಾರವೆಯಿಂದ ಬೀಳುವ ದಿನವನ್ನು ತಿಳಿಸಲು ಹಿಂಬರಹದ ಕಾಯಿದೆ ಬಿಡುವುದಿಲ್ಲ. ಕಾಗದ ಪಡೆದವರು ತಾವಾಗಿಯೇ ಮಾಡಬಹುದಾದ ಕೆಲಸವನ್ನಷ್ಟೇ ಕೇಳಿಕೊಳ್ಳಬಹುದು. ನೀವೇ ಅವಳನ್ನು ಜೀಪಿನಲ್ಲಿ ಆಸ್ಪತ್ರೆಗೆ ಒಯ್ಯುತ್ತೀರಿ. ಅದನ್ನೂ ನಾವು ಮರೆತಿಲ್ಲ. ಆದರೆ ಪಟ್ಟಿಯಲ್ಲಿ ಹೆಸರಿಲ್ಲವೆಂದು ಮಂಡಳಿ ಪರಿಹಾರ ಕೊಡುವುದಿಲ್ಲ. ಹನ್ನೊಂದು ವರ್ಷ ಅವಳು ಕೋಲೂರಿಕೊಂಡು ಕಚೇರಿ ಸುತ್ತುತ್ತಾಳೆ.

ವಕೀಲರ ಭಯ ಸುಳ್ಳು, ಸಂಗನಬಸಪ್ಪನವರೇ. ನಿಮ್ಮ ಗೆಲುವು ನಿಂತಿರುವುದು ಟೆಂಡರಿನ ತಾರೀಖೊಂದರ ಮೇಲೆ. ಚೀಟಿಯ ಮಾತನ್ನು ಯಾವ ನ್ಯಾಯಾಧೀಶರೂ ಎತ್ತುವುದಿಲ್ಲ.

ಅವಳು ಎಂಟು ಗಂಟೆಗೆ ಬರುತ್ತಾಳೆ. ಓದು ಬಾರದವಳು, ಚೀಟಿಯನ್ನು ತಲೆಕೆಳಗಾಗಿ ಚಾಚುತ್ತಾಳೆ. ತಿರುಗಿಸಿ, ಸಹಿ ಹಾಕಿ ಕೊಡಿ.

ಹುಲಿಗೆಮ್ಮನ ಮನೆಯ
ಫಕೀರೇಶ